ಎರಡನೇ ಬದಿಯ ದನಿ

ಕಂತು ೭

ಪ್ಲೇಯರಿನ ಮುಳ್ಳು ಇನ್ನೂ ರೆಕಾರ್ಡು ತಟ್ಟೆಯ ಮೇಲೆ ಇಳಿದಿರಲಿಲ್ಲ, ಅಷ್ಟರಲ್ಲೇ ಕಾಶವ್ವ ಎದ್ದು ಹೋಗಿ ಮುಂಬಾಗಿಲು ಹಾಕಿ ಬಂದಳು.

"ಓಣ್ಯಾಗಿನ ಮಂದಿ ಏನರ ಅನ್ಕೋತಾರ್ರಿ ಸಾಹೇಬ್ರ. ಮಗಳು ಸತ್ತ ಮನ್ಯಾಗ ಸಿನಿಮಾ ಹಾಡು ಹಚ್ಕೊಂಡು ಕುಂತಾರ ಅಂತ."

ಮುರಿಗೆಪ್ಪ ತಲೆಯಾಡಿಸಿದ. ಬಾಗಿಲು ಹಾಕಿದ್ದು ಅವನಿಗೂ ಒಳ್ಳೆಯದೇ ಆಯಿತು. ಬೀದಿಯ ತುದಿಯಲ್ಲಿ ಖಾದರ್ ಬಾಷಾನ ಆಟೋ ನಿಂತಿತ್ತು. ಅದರೊಳಗೆ ಈರವ್ವ ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ ಬಿಚ್ಚುತ್ತ ಕೂತಿದ್ದಳು. ಬರಬೇಡ ಎಂದರೂ ಕೇಳದೆ ಹೊರಟವಳು. ಆಟೋದಿಂದ ಕೆಳಗಿಳಿಯುವುದಿಲ್ಲ ಎಂದು ಮಾತು ಕೊಟ್ಟ ಮೇಲೇ ಅವನು ಕರೆತಂದದ್ದು.

ಈರವ್ವನ ದೊಡ್ಡ ಮಗ ಶಿವಶರಣಪ್ಪ, ಹೆಂಡತಿ ಚಂದ್ರವ್ವನನ್ನು ರೈಲಿಗೆ ತಳ್ಳಿ ಕೊಂದನೆಂದು ಜೈಲಿನಲ್ಲಿದ್ದ. ಆ ಚಂದ್ರವ್ವನ ದನಿ ಈ ವರ್ಷ ಬಂದ ಒಂದು ಮಲಯಾಳಂ ಸಿನಿಮಾದ ರೆಕಾರ್ಡಿನಲ್ಲಿ ಕೇಳುತ್ತದೆ ಎಂದು ಈರವ್ವ ಹಟ ಹಿಡಿದು ಮುರಿಗೆಪ್ಪನ ಬೆನ್ನು ಬಿದ್ದಿದ್ದಳು. ಹೌದೋ ಅಲ್ಲವೋ ಎಂದು ಹೇಳಬಲ್ಲವಳು ಇನ್ನೊಬ್ಬಳೇ, ಹೆತ್ತವಳು ಕಾಶವ್ವ. ಅವಳು ಈಗ ಮುರಿಗೆಪ್ಪನ ಎದುರು, ಚಿಕ್ಕಬಾಣಾವರ ಸ್ಟೇಷನ್ನಿನ ಹಿಂದಿನ ಈ ಪುಟ್ಟ ಮನೆಯಲ್ಲಿ, ಚಾಪೆಯ ಮೇಲೆ ಕೂತಿದ್ದಳು.

ರೆಕಾರ್ಡಿನ ಹೊದಿಕೆ ಕಂಡವರಿಗೆ ಇದೊಂದು ಸಾವು ಬದುಕಿನ ವಿಷಯ ಅನ್ನಿಸುವಂತಿರಲಿಲ್ಲ. ಧಗಧಗ ಉರಿಯುವ ರೈಲ್ ಎಂಜಿನ್, ಅದರ ಮೇಲೆ ಪಿಸ್ತೂಲು ಹಿಡಿದ ದಪ್ಪ ಮೀಸೆಯ ನಾಯಕ, ಅವನ ಮೊಣಕಾಲಿನ ಹತ್ತಿರ ಸೊಂಟ ತಿರುಗಿಸಿ ನಿಂತ ಒಬ್ಬ ನರ್ತಕಿ. ಚಿತ್ರದ ಹೆಸರು 'ಪಾತಿರಾವಂಡಿ'. ನಡುರಾತ್ರಿಯ ರೈಲು ಎಂದರ್ಥವಂತೆ. ಹಾಗೆಂದು ಹೇಳಿದವನು ಪೌಲೋಸ್. ಯಶವಂತಪುರದ ವಠಾರದಲ್ಲಿ ಈರವ್ವನ ಪಕ್ಕದ ಮನೆ, ಜಾಲಹಳ್ಳಿಯಲ್ಲಿ ಕಾರ್ಖಾನೆ ಕೆಲಸ, ಭಾನುವಾರ ಬಂತೆಂದರೆ ಗೋಡೆ ಅದುರುವ ಹಾಗೆ ಪ್ಲೇಟು ಹಾಕುವ ಚಟ. ಆ ಗೋಡೆಯ ಈಚೆ ರೊಟ್ಟಿ ಬಡಿಯುತ್ತಿದ್ದ ಈರವ್ವನ ಕೈ ಒಂದು ಭಾನುವಾರ ಹಾಗೇ ನಿಂತುಹೋಗಿತ್ತು. ಪುಣ್ಯಾತ್ಮ ಪೌಲೋಸ್ ತಟ್ಟೆಯನ್ನಷ್ಟೇ ಅಲ್ಲ, ಸೆಲ್ ಹಾಕಿ ನುಡಿಸುವ ತನ್ನ ಪೆಟ್ಟಿಗೆ ಪ್ಲೇಯರನ್ನೂ ಮುರಿಗೆಪ್ಪನ ಕೈಗೆ ಕೊಟ್ಟಿದ್ದ.

ಸಿನಿಮಾದಲ್ಲಿ ಹಾಡು ಮೂರೇ. ಹೊಡೆದಾಟದ ಚಿತ್ರಕ್ಕೆ ಅದಕ್ಕಿಂತ ಹೆಚ್ಚು ಯಾರಿಗೆ ಬೇಕು? ಮೂರೂ ಮೊದಲನೇ ಬದಿಯಲ್ಲೇ ಮುಗಿದುಹೋಗುತ್ತವೆ. ಎರಡನೇ ಬದಿಯನ್ನು ಖಾಲಿ ಬಿಡಲಾಗುತ್ತದೆಯೇ? ಕಂಪನಿಯವರು ಚಿತ್ರದ ಹಿನ್ನೆಲೆ ಸಂಗೀತವನ್ನೇ ತುಂಡು ತುಂಡಾಗಿ ತಂದು ತುಂಬಿದ್ದರು. ಕಾರುಗಳು ಒಂದನ್ನೊಂದು ಅಟ್ಟಿಸಿಕೊಂಡು ಹೋಗುವುದು, ಗೋದಾಮಿನ ಹೊಡೆದಾಟ, ಕಟ್ಟಕಡೆಗೆ ಒಂದು ಹೆಣ್ಣುದನಿಯ ಆಲಾಪ. ಮೂರು ಹಾಡು ಹಾಡಿದವರ ಹೆಸರು ಹೊದಿಕೆಯ ಹಿಂದೆ ದಪ್ಪಕ್ಷರದಲ್ಲಿತ್ತು. ಆಲಾಪದವಳ ಹೆಸರಿರಲಿಲ್ಲ. ಮಾತಿಲ್ಲದ್ದನ್ನು ಆ ಕಸುಬಿನವರು ಹಾಡೆಂದೇ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಮುರಿಗೆಪ್ಪನಿಗೆ ಮೊದಲಿಂದಲೂ ಸಿನಿಮಾ ಸಂಗೀತವೆಂದರೆ ಅಷ್ಟಕ್ಕಷ್ಟೇ. ಇನ್‌ಸ್ಪೆಕ್ಟರಾಗಿ ನಿವೃತ್ತನಾಗಿ ಆರ್.ಟಿ. ನಗರದಲ್ಲಿ ಮನೆ ಮಾಡಿದ ಮೇಲೆ ಅವನು ಬಯಸಿದ್ದು ಬರೀ ನಿಶ್ಶಬ್ದವನ್ನು. ಈಗ ನೋಡಿದರೆ, ಒಂದು ವಾರದಿಂದ ಇದೇ ತಟ್ಟೆಯನ್ನು ಕೇಳಿ ಕೇಳಿ, ಬೆಳಿಗ್ಗೆ ಗಡ್ಡ ಹೆರೆಯುವಾಗ ಗೋದಾಮಿನ ಹೊಡೆದಾಟ ತಾನಾಗಿಯೇ ಬಾಯಿಗೆ ಬರುತ್ತಿತ್ತು. ಅವನ ಮಡದಿ ಚನ್ನಕ್ಕ ಅಡಿಗೆಮನೆಯಿಂದಲೇ, "ಯಾರನ್ನ ಬಡಿಯಾಕತ್ತೀರಿ?" ಎಂದು ಕೇಳಿದ್ದಳು.

ಹೊಡೆದಾಟದ ಕೊನೆಯ ಭಾಗಕ್ಕೆ ಸರಿಯಾಗಿ ಅವನು ಮುಳ್ಳಿಟ್ಟ.

ಡ್ರಮ್ಮುಗಳು ಗುದ್ದಿದವು. ಎಲ್ಲೋ ಗಾಜು ಒಡೆಯಿತು, ಪಿಸ್ತೂಲು ಸಿಡಿಯಿತು. ಕಾಶವ್ವ ಬೆಚ್ಚಿ ಪ್ಲೇಯರನ್ನೇ ನೋಡಿದಳು. ಆಮೇಲೆ ದೂರದ ರೈಲಿನ ಕೂಗು, ಒಂದು ಕೊಳಲು. ಅದರ ಹಿಂದಿನಿಂದ ಆ ದನಿ ಮೆಲ್ಲಗೆ ಎದ್ದಿತು.

ತರಬೇತಿ ಪಡೆದ ನಯವಾದ ದನಿಯಲ್ಲ ಅದು. ಮೇಲಕ್ಕೆ ಹೋಗುವಾಗ ಒಂದು ಕಡೆ ಸಣ್ಣಗೆ ಸೀಳುತ್ತಿತ್ತು, ಸೀಳಿದ್ದನ್ನು ಬಚ್ಚಿಡದೆ ಹಾಗೇ ಮುಂದಕ್ಕೆ ಹೋಗುತ್ತಿತ್ತು. ಮುರಿಗೆಪ್ಪನ ಕಣ್ಣು ಕಾಶವ್ವನ ಮೇಲಿತ್ತು.

ಅವಳು ಪ್ಲೇಯರನ್ನು ನೋಡುವುದನ್ನು ಬಿಟ್ಟಿದ್ದಳು. ತನ್ನ ಮಡಿಲನ್ನು ನೋಡುತ್ತಿದ್ದಳು. ದನಿ ಏರುತ್ತ ಏರುತ್ತ ಹೋದಂತೆ ಅಂಗೈ ನೆಲಕ್ಕೂರಿ ಎದ್ದಳು, ಮೂಲೆಯ ಸ್ಟೋವಿನ ಕಡೆ ನಡೆದಳು. ಅವಳು ಸ್ಟೋವಿನ ಮುಂದೆ ನಿಂತ ಮೇಲೆ, ಅವಳ ಬೆನ್ನ ಹಿಂದೆ, ಉಸಿರಿನ ನಡುವೆಯೇ ಆ ದನಿ ಕತ್ತರಿಸಿದ ಹಾಗೆ ನಿಂತುಹೋಯಿತು.

ಅವಳು ತಿರುಗಲಿಲ್ಲ.

"ಚಾ ಮಾಡ್ತೀನಿ, ಕುಂದರ್ರಿ," ಅಂದಳು. "ಅದು ನನ್ನ ಮಗಳ ದನಿ ಅಲ್ರಿ."

ಮುರಿಗೆಪ್ಪ ಮುಳ್ಳನ್ನು ಎತ್ತಿಟ್ಟ. ಸೋಮವಾರ ಹೈಕೋರ್ಟಿನಲ್ಲಿ ಅಪೀಲು ವಿಚಾರಣೆಗೆ ಬರುತ್ತಿತ್ತು. ಹೆತ್ತ ತಾಯಿಯೇ ಅಲ್ಲ ಎಂದ ಮೇಲೆ ಅತ್ತೆಯ ಕಿವಿಯನ್ನು ಯಾವ ಜಡ್ಜು ನಂಬುತ್ತಾನೆ? ಶಿವಶರಣಪ್ಪ ಒಳಗೇ ಮುದುಕನಾಗುತ್ತಾನೆ. ಜೈಲಿನ ಜಾಲರಿಯ ಆಚೆ ನಿಂತು, "ನಾನು ಅವತ್ತು ಚಿಕ್ಕಬಾಣಾವರಕ್ಕ ಹೋಗೇ ಇಲ್ರಿ, ನನ್ನ ನಂಬ್ರಿ" ಎಂದು ಅತ್ತವನ ಮುಖ ಮುರಿಗೆಪ್ಪನಿಗೆ ಮರೆಯುವಂತಿರಲಿಲ್ಲ. ಅವನನ್ನು ಹೇಗಾದರೂ ಹೊರಗೆ ತರಬೇಕೆಂದು ಮನಸ್ಸು ಮಾಡಿಬಿಟ್ಟಿದ್ದ.

"ಈರವ್ವ ಮಾತ್ರ ಖಾತ್ರಿ ಹೇಳ್ತಾಳ್ರಿ, ನನ್ನ ಸೊಸೀದ ದನಿ ಅಂತ."

"ಅಕಿ ಯಾಕ ಹೇಳೂದಿಲ್ಲ? ಮಗ ಒಳಗ ಕುಂತಾನ. ಅಂವನ್ನ ಬಿಡಿಸಾಕ ನಾಯಿ ಬೊಗಳಿದ್ರೂ ನನ್ನ ಸೊಸಿ ಅಂತಾಳ."

ಮುರಿಗೆಪ್ಪನಿಗೆ ನಗು ಬಂತು. ತಡೆದುಕೊಂಡ.

"ನಿಮ್ಮ ಮಗಳು ಹಾಡ್ತಿದ್ಲು ಅನ್ನೂದು ಸುಳ್ಳಲ್ಲಲ್ಲ?"

"ಹಾಡ್ತಿದ್ಲು. ಲಗ್ನಕ್ಕ ಮೊದಲ ಗದಗಿನ್ಯಾಗ ನಾಟಕ ಕಂಪನ್ಯಾಗ ಇದ್ಲು." ಕಾಶವ್ವ ಸ್ಟೋವಿಗೆ ಗಾಳಿ ಹಾಕತೊಡಗಿದಳು. "ಆತು, ಅಕೀದ ದನಿ ಅಂತ ತಿಳ್ಕೊಳ್ರಿ. ಯಾರರ ಆವಾಗ ಮಷೀನಿನ್ಯಾಗ ಹಿಡಕೊಂಡಿರಬೇಕು. ಈಗ ಇದರಾಗ ಹಾಕ್ಯಾರ. ಸತ್ತೋರ ಹಾಡು ರೇಡಿಯೋದಾಗ ಬರೂದಿಲ್ಲೇನು?"

ಸರಿಯಾದ ಪ್ರಶ್ನೆ. ಇದೇ ಪ್ರಶ್ನೆ ಮುರಿಗೆಪ್ಪನ ನಿದ್ದೆಯನ್ನೂ ಕೆಡಿಸಿತ್ತು. ತಟ್ಟೆ ಈ ವರ್ಷದ್ದು, ಒಪ್ಪಿದೆ. ಆದರೆ ದನಿ ಯಾವ ವರ್ಷದ್ದು? ಅದಕ್ಕೆ ಉತ್ತರ ಹುಡುಕಿಕೊಂಡೇ ಅವನು ಹುಟ್ಟಿದಂದಿನಿಂದ ಮಾಡದ ಕೆಲಸವೊಂದನ್ನು ಮಾಡಿದ್ದ.

"ಮೊನ್ನೆ ಆಯ್ತವಾರ ನಾನು ಆ ಸಿನಿಮಾ ನೋಡಿದೆ ಕಾಶವ್ವಾರ."

ಮಲಯಾಳಂ ಚಿತ್ರಗಳು ಆಗೆಲ್ಲ ಬೆಂಗಳೂರಿಗೆ ಬರುತ್ತಿದ್ದದ್ದು ಹೆಚ್ಚಾಗಿ ಭಾನುವಾರದ ಬೆಳಗಿನ ಆಟಕ್ಕೆ. ಪೌಲೋಸನ ಪಕ್ಕ ಕೂತು ಮುರಿಗೆಪ್ಪ ಇಡೀ ಚಿತ್ರ ನೋಡಿದ್ದ. ಸುತ್ತಲಿನವರು ನಕ್ಕ ಮೇಲೆ ತಾನೂ ನಕ್ಕಿದ್ದ. ಒಂದಕ್ಷರ ಅರ್ಥವಾಗಿರಲಿಲ್ಲ. ಆದರೆ ಕೊನೆಯ ದೃಶ್ಯಕ್ಕೆ ಭಾಷೆಯೇ ಬೇಕಿರಲಿಲ್ಲ. ಗೂಡ್ಸ್ ಗಾಡಿಯ ಡಬ್ಬಿಗಳ ಮೇಲೆ ನಾಯಕ ಓಡುತ್ತಾನೆ, ಹಿಂದೆ ಈ ದನಿ ಏರುತ್ತದೆ. ಎರಡು ಡಬ್ಬಿಗಳ ನಡುವೆ ಅವನು ಜಾರಿ ಬೀಳುತ್ತಾನೆ, ದನಿ ನಿಲ್ಲುತ್ತದೆ.

"ಅಂವ ಬೀಳೂದು, ಈಕಿ ದನಿ ನಿಲ್ಲೂದು, ಎರಡೂ ಒಂದ ಸಲಕ್ಕ. ಅದಕ್ಕ ಪ್ಲೇಟಿನ್ಯಾಗೂ ನಡುವ ಕಡದಂಗ ಕೇಳ್ತದ."

"ಅದಕ್ಕೇನಾತ್ರಿ?"

"ಸಿನಿಮಾದಾಗ ಹಾಡು ಮೊದಲ ಹಾಡಿಸಿ ಆಮ್ಯಾಲ ಚಿತ್ರ ತೆಗೀತಾರಂತ. ಆದ್ರ ಹಿಂದಿನ ಸಂಗೀತ ಹಂಗಲ್ಲ. ಚಿತ್ರ ಎಲ್ಲಾ ಮುಗದ ಮ್ಯಾಲ, ಪರದಿ ಮ್ಯಾಲ ಅದನ್ನ ಓಡಿಸಿ, ನೋಡ್ಕೋತ ಬಾರಿಸ್ತಾರ, ನೋಡ್ಕೋತ ಹಾಡ್ತಾರ. ಅಂವ ಬೀಳೂದನ್ನ ಕಾಣದ ಹೋದ್ರ ಈಕಿಗೆ ಎಲ್ಲಿ ನಿಲ್ಲಬೇಕಂತ ಹೆಂಗ ತಿಳೀತದ?"

ಕಾಶವ್ವ ಪಂಪು ಒತ್ತುವುದನ್ನು ನಿಲ್ಲಿಸಿದಳು.

"ಮತ್ತ ಆ ಗೂಡ್ಸ್ ಗಾಡಿ ಇತ್ತಲ್ಲ, ಅದು ನಮ್ಮ ಯಶವಂತಪುರ ಯಾರ್ಡಿನ್ಯಾಗ ತೆಗದದ್ದು. ಹೋದ ವರ್ಷ, ದೀಪಾವಳಿ ಮುಗದ ಮ್ಯಾಲ. ಅರ್ಧ ಊರು ನೋಡಾಕ ಹೋಗಿತ್ತು. ಪೌಲೋಸನ ಮೊಣಕೈ ಸುದ್ದಾ ಚಿತ್ರದಾಗ ಬಂದೈತಿ. ನೀವು ಮಗಳನ್ನ ಮಣ್ಣು ಮಾಡಿದ್ದು ಅದರ ಹಿಂದಿನ ವರ್ಷ ಶ್ರಾವಣದಾಗ. ಅಂದ ಮ್ಯಾಲ ಈ ದನಿ ಹಳೇದು ಹೆಂಗಾಗ್ತದ?"

ಇಷ್ಟು ಹೇಳಿ ಮುರಿಗೆಪ್ಪ ಗೋಡೆಗೊರಗಿ ಕೂತ. ಒಳಗೊಳಗೇ ಸ್ವಲ್ಪ ಬೀಗಿದ ಎಂದರೂ ತಪ್ಪಿಲ್ಲ.

ಕಾಶವ್ವ ನಿಧಾನವಾಗಿ ಅವನ ಕಡೆ ತಿರುಗಿದಳು. "ನಾನೂ ಅದನ್ನ ಹೇಳಾಕತ್ತೇನಲ್ರಿ. ನನ್ನ ಮಗಳು ಆ ಹಿಂದಿನ ವರ್ಷನ ಸತ್ತಾಳ. ನಾನ ನೋಡಿ ಗುರ್ತ ಹಿಡದೀನಿ. ನೀವ ಹೇಳಿದಂಗ ಈ ದನಿ ಆಮ್ಯಾಲಿಂದು. ಅಂದ್ರ ಅದು ಅಕೀದಲ್ಲ."

ಬೀಗಿದ್ದು ಅಲ್ಲಿಗೇ ಇಳಿಯಿತು. ನ್ಯಾಯಾಲಯದಲ್ಲಿ ಸರ್ಕಾರಿ ವಕೀಲನೂ ಇದಕ್ಕಿಂತ ಚೆನ್ನಾಗಿ ತಿರುಗಿಸಿ ಹೊಡೆಯಲಾರ. ಈ ಹೆಂಗಸಿನ ಮುಂದೆ ತನ್ನ ಜಾಣತನ ನಡೆಯುವುದಿಲ್ಲ ಎಂದು ಮುರಿಗೆಪ್ಪನಿಗೆ ಗೊತ್ತಾಯಿತು. ಆದರೆ ಅವಳ ಮಾತು ಎಷ್ಟೇ ಗಟ್ಟಿಯಾಗಿದ್ದರೂ, ಮಾತಿಗಿಂತ ಮೊದಲು ಅವಳ ಕಾಲು ಒಂದು ಸಾಕ್ಷಿ ಹೇಳಿಬಿಟ್ಟಿತ್ತು.

"ಕಾಶವ್ವಾರ, ನೀವು ಯಾಕ ಎದ್ರಿ?"

"ಚಾಕ್ಕ."

"ಈ ಪ್ಲೇಟು ಮೊದಲ ಸಲ ಕೇಳಿದಾಗ ನಾನು ಕೆಟ್ಟುಹೋತು ಅನ್ಕೊಂಡು ಪೆಟಿಗಿ ಬಡದೆ. ಈರವ್ವ ಕರೆಂಟ್ ಹೋತೇನು ಅಂತ ದೀಪ ನೋಡಿದ್ಲಂತ. ನಮ್ಮನಿಯಾಕಿ 'ಅಯ್ಯ' ಅಂದ್ಲು. ಹಂಗ ನಡುವ ನಿಂತ್ರ ಯಾರಿದ್ರೂ ತಿರುಗಿ ನೋಡ್ತಾರ್ರಿ. ನೀವು ಪಿಸ್ತೂಲಿನ ಸಪ್ಪಳಕ್ಕ ಬೆಚ್ಚಿದ್ರಿ, ಯಾಕಂದ್ರ ಅದನ್ನ ಕೇಳಿದ್ದಿಲ್ಲ. ದನಿ ನಿಂತಾಗ ಬೆಚ್ಚಲಿಲ್ಲ. ನಿಲ್ಲೂಕಿಂತ ಮೊದಲ ಎದ್ದು ಹೋದ್ರಿ. ಎಲ್ಲಿ ನಿಲ್ತದಂತ ನಿಮಗ ಗೊತ್ತಿತ್ತು."

ಹೊರಗೆ ಯಾವುದೋ ಗಾಡಿ ಸ್ಟೇಷನ್ನು ದಾಟಿ ಹೋಯಿತು. ಗೋಡೆಯ ಮೇಲಿನ ಕ್ಯಾಲೆಂಡರು ಸ್ವಲ್ಪ ಅಲುಗಾಡಿತು. ಕಾಶವ್ವ ಬಾಗಿ ಸ್ಟೋವು ಆರಿಸಿದಳು. ಚಹಾ ಆಗಲಿಲ್ಲ. ಕಿಟಕಿಯ ಪಕ್ಕ ಬಂದು ಕೂತು ಸೆರಗಿನಿಂದ ಮುಖ ಒರೆಸಿಕೊಂಡಳು. ಅಳುತ್ತಿದ್ದಾಳೆಂದು ಮುರಿಗೆಪ್ಪ ತಿಳಿದ. ಅಳುತ್ತಿರಲಿಲ್ಲ.

"ಸ್ಟೇಷನ್ ಮುಂದ ಚಾ ಅಂಗಡಿ ಐತ್ರಿ, ಮಲಯಾಳದಂವಂದು," ಎಂದಳು. "ಇದರ ಕ್ಯಾಸೆಟ್ ಮಾಡಿಸ್ಯಾನ. ಕಡೀ ತುಣುಕು ಅಷ್ಟ ಐತಿ ಅದರಾಗ, ಬಡದಾಟ ಇಲ್ಲ. ನಾ ದಿನಾ ಹೋಗಿ ಬೆಂಚಿನ ಮ್ಯಾಲ ಕುಂದರ್ತೀನಿ. ಮಂದಿ ರೈಲಿಗೆ ಕುಂತಾಳಂತ ತಿಳೀತಾರ."

"ಬದುಕ್ಯಾಳ?"

"ಬದುಕ್ಯಾಳ್ರಿ."

ಆ ಒಂದು ಮಾತಿಗೆ ಅವಳ ಮುಖವೇ ಬೇರೆಯಾಯಿತು. ಇಷ್ಟು ಹೊತ್ತು ಗಂಟು ಹಾಕಿದ್ದ ಹುಬ್ಬು ಸಡಿಲವಾಯಿತು. ಇಂಥ ಸುದ್ದಿಯನ್ನು ಒಬ್ಬರಿಗೂ ಹೇಳದೆ ಒಳಗೇ ಇಟ್ಟುಕೊಂಡು ಮಗಳನ್ನು ಕಳೆದುಕೊಂಡವಳ ಹಾಗೆ ಬದುಕುವುದೆಂದರೆ ಏನೆಂದು ಮುರಿಗೆಪ್ಪ ಊಹಿಸಲು ನೋಡಿದ. ಅವನಿಗೆ ಅವಳ ಮೇಲೆ ಕನಿಕರವೇ ಹುಟ್ಟಿತು.

"ಹಾಡಿದ್ರ ಗಂಡ ಬಾಯಿ ಮ್ಯಾಲ ಹೊಡೀತಿದ್ದ," ಎಂದಳು ಕಾಶವ್ವ. "ಒಲಿ ಮುಂದ ಕುಂತು ಗುಣುಗಿದ್ರೂ ಹೊಡೀತಿದ್ದ. ನಾಟಕದಾಕಿ ಅಂತಿದ್ದ. ಒಂದಿನ ತುಟಿ ಹರಕೊಂಡು ನನ್ನ ಮನಿಗೆ ಬಂದ್ಲು. ಅಂವ ಹಿಂದ ಬರ್ತಾನ ಅಂತ ಗೊತ್ತಿತ್ತು. ಬೆಳಕು ಹರಿಯೂದರಾಗ ನಾನ ಮದ್ರಾಸ್ ಗಾಡಿ ಹತ್ತಿಸಿ ಬಂದೆ."

"ಮದ್ರಾಸಿನ್ಯಾಗ ಯಾರದಾರ?"

"ನಾಟಕ ಕಂಪನ್ಯಾಗ ಅಕಿ ಜೋಡಿ ಇದ್ಲಲ್ರಿ, ರತ್ನಕ್ಕ. ಸಿನಿಮಾದಾಗ ಹಿಂದ ಗುಂಪಿನ್ಯಾಗ ಹಾಡ್ತಾಳ. ಕೋಡಂಬಾಕದಾಗ ಮುರುಗನ್ ಗುಡಿ ಹಿಂದ ಮನಿ. ಅಲ್ಲೇ ಅದಾಳ ನನ್ನ ಚಂದ್ರಿ." ಅವಳು ಕಿಟಕಿಯ ಸರಳು ಹಿಡಿದುಕೊಂಡಳು. "ಎರಡು ವರ್ಷ ಈ ಹೆಸರು ಬಾಯಾಗ ತಂದಿಲ್ರಿ ನಾನು. ಅಂವ ಒಳಗ ಅದಾನ ಖರೆ, ಅವನ ತಮ್ಮ ಪಂಚಪ್ಪ ಹೊರಗ ಅದಾನಲ್ಲ. ಇಬ್ರೂ ಒಂದ."

ಮುರಿಗೆಪ್ಪ ಎದ್ದು ನಿಂತ. ಸಂತೋಷ, ಸಿಟ್ಟು ಎರಡೂ ಒಟ್ಟಿಗೇ ಬಂದವು. ಸಿಟ್ಟೇ ಮೊದಲು ಬಾಯಿಗೆ ಬಂತು.

"ಹೆಂಡ್ತಿನ್ನ ಹೊಡದ ಅಂತ ಒಬ್ಬಂವನ್ನ ಜನ್ಮಪೂರ್ತಿ ಕೊಲೆಗಾರ ಮಾಡಿ ಕೂಡ್ರಿಸೂದೇನು? ಕೋರ್ಟಿನ್ಯಾಗ ಆಣಿ ಮಾಡಿ ಹೇಳೀರಿ ನೀವು. ಅವನ ತಾಯಿ ಊಟ ಬಿಟ್ಟಾಳ. ಏನೂ ಮಾಡದಂವ—"

"ಏನೂ ಮಾಡಿಲ್ಲಂತ ಯಾರು ಹೇಳಿದ್ರು?"

"ನಿಮ್ಮ ಮಗಳು ಬದುಕ್ಯಾಳ!"

"ಹೌದು. ಮತ್ತ ಹಳಿ ಮ್ಯಾಲ ಸತ್ತಾಕಿ ಯಾರು? ಅದನ್ನ ಕೇಳಲಿಲ್ಲ ನೀವು."

ಕೇಳಿರಲಿಲ್ಲ. ಒಂದು ವಾರದಿಂದ ಬದುಕಿರುವವಳ ದನಿಯ ಹಿಂದೆ ಬಿದ್ದು, ಸತ್ತವಳೊಬ್ಬಳು ಇದ್ದಾಳೆಂಬುದನ್ನೇ ಅವನು ಬದಿಗಿಟ್ಟಿದ್ದ. ಎಲ್ಲಿಂದಲೋ ಬಂದ ಯಾವಳೋ, ರೈಲಿಗೆ ತಲೆ ಕೊಟ್ಟವಳು, ಎಂದುಕೊಂಡು ಮುಂದೆ ಹೋಗಿದ್ದ. ಅವನಿಗೆ ನಾಚಿಕೆಯಾಯಿತು.

"ಬರ್ರಿ," ಎಂದು ಕಾಶವ್ವ ಒಳಕೋಣೆಗೆ ನಡೆದಳು.

ಒಳಕೋಣೆಗೆ ಕಿಟಕಿಯಿರಲಿಲ್ಲ. ದೀಪ ಹಾಕಿ, ಕಬ್ಬಿಣದ ಮಂಚದ ಕೆಳಗಿನಿಂದ ಅವಳು ಒಂದು ಅಗಲವಾದ ಬಿದಿರಿನ ಬುಟ್ಟಿಯನ್ನು ಎರಡೂ ಕೈಯಲ್ಲಿ ಎಳೆದಳು. ಮೇಲಿನ ಬಟ್ಟೆ ತೆಗೆದಳು. ಸ್ಟೀಲು ಪಾತ್ರೆಗಳು. ಲೋಟ, ತಟ್ಟೆ, ಡಬ್ಬಿ, ಒಂದು ದೊಡ್ಡ ತಂಬಿಗೆ. ಎಲ್ಲ ಹೊಸತು, ಎಲ್ಲಕ್ಕೂ ಹೊಳಪು. ಒಂದರ ಮೇಲೂ ಧೂಳಿರಲಿಲ್ಲ.

"ವಾರಕ್ಕೊಮ್ಮೆ ತೊಳದು ಒರಸಿ ಇಡ್ತೀನಿ," ಅಂದಳು. "ಒಂದರಾಗೂ ನೀರು ಸುದ್ದಾ ಕುಡದಿಲ್ಲ."

ಹಳೇ ಸೀರೆ ಬಟ್ಟೆಗಳಿಗೆ ಪಾತ್ರೆ ಕೊಡುವ ಹೆಂಗಸರು ಬೆಂಗಳೂರಿನ ಯಾವ ಬೀದಿಗೆ ಬರುವುದಿಲ್ಲ? ಚನ್ನಕ್ಕನೂ ಅವನ ಹಳೇ ಖಾಕಿ ಪ್ಯಾಂಟುಗಳನ್ನೆಲ್ಲ ಕೊಟ್ಟು ಒಂದು ಇಡ್ಲಿ ಪಾತ್ರೆ ತೆಗೆದುಕೊಂಡಿದ್ದಳು. ಮುರಿಗೆಪ್ಪ ಬುಟ್ಟಿಯನ್ನು ನೋಡಿದ.

"ಚಂದ್ರಿ ಬಂದಾಗ ಅಕಿ ಮೈಮ್ಯಾಲ ಇಳಕಲ್ ಸೀರಿ ಇತ್ರಿ, ಕೆಂಪು ಸೆರಗಿಂದು. ಈ ಕಡೆ ಮಂದಿ ಯಾರೂ ಅಂಥಾದ್ದು ಉಡೂದಿಲ್ಲ. ದೂರಿಂದ ನೋಡಿದ್ರೂ ಅಕಿನ್ನ ಗುರ್ತ ಹಿಡೀತಿದ್ರು. ಅದಕ್ಕ ನನ್ನ ಸಾದಾ ಸೀರಿ ಉಡಿಸಿ ಕಳಿಸಿದೆ. ಇಳಕಲ್ ಸೀರಿ ಮನ್ಯಾಗ ಇದ್ರ ಅಂವ ಬಂದು ನೋಡ್ತಾನ, ಇಲ್ಲೇ ಬಂದಿದ್ಲಂತ ತಿಳೀತದ. ಏನ ಮಾಡ್ಲಿ ಅನ್ನೂದರಾಗ ಪಾತ್ರೆಯಾಕಿ ಬಂದ್ಲು."

"ಕೊಟ್ರಿ."

"ಕೊಟ್ಟೆ. ಒಂದು ಡಬ್ಬಿ ತಗೊಂಡೆ. ಅಕಿ ಸೀರಿ ಮೊಣಕಾಲ ತನಕ ಹರದಿತ್ತು. ಇದನ್ನ ನೋಡಿ ಎಷ್ಟ್ ಖುಷಿ ಪಟ್ಲು ಅಂತೀರಿ. ಮಾರೂದಿಲ್ಲ, ನಾನ ಉಡ್ತೀನಿ ಅಂದ್ಲು. ನನ್ನ ಹಿತ್ತಲದಾಗ ಉಟಗೊಂಡ್ಲು, ಹೆಂಗ ಕಾಣ್ತೀನಿ ಅಂತ ಕೇಳಿದ್ಲು. ಹಳಿ ಆಚಿ ಒಂದು ಮನ್ಯಾಗ ಹಳೇ ಸೀರಿ ಅರಿವಿ ಕೊಡ್ತೀನಂದಾರ, ಬುಟ್ಟಿ ಇಲ್ಲೇ ಇರ್ಲಿ ಅವ್ವಾ, ಸಂಜಿಗೆ ಬಂದು ಒಯ್ತೀನಿ ಅಂತ ಹೇಳಿ ಹೋದ್ಲು."

ಸಂಜೆಗೆ ಅವಳು ಬರಲಿಲ್ಲ. ಬಂದದ್ದು ಪೊಲೀಸರು, ಆ ಕೆಂಪು ಸೆರಗಿನ ಸೀರೆಯ ಗುರುತು ಹಿಡಿದು.

"ಮಾರಿ ಉಳದಿದ್ದಿಲ್ರಿ. ನಾ ಪಾದ ನೋಡಿದೆ. ನಡದ ನಡದ ಸೀಳಿದ ಪಾದ. ನೋಡಿದ ಕೂಡ್ಲೇ ಗೊತ್ತಾತು ಯಾರಂತ. ಇದು ನಿನ್ನ ಮಗಳೇನವ್ವ ಅಂತ ಕೇಳಿದ್ರು." ಕಾಶವ್ವ ತಂಬಿಗೆಯನ್ನು ಎತ್ತಿ ಸೆರಗಿನಿಂದ ಒರೆಸಿದಳು, ಮತ್ತೆ ಅಲ್ಲೇ ಇಟ್ಟಳು. "ಹೌದಂದೆ. ಹೌದಂದ್ರ ನನ್ನ ಮಗಳನ್ನ ಇನ್ನ ಯಾರೂ ಹುಡುಕೂದಿಲ್ಲ ಅನ್ನಿಸ್ತು. ವಿಭೂತಿ ಹಚ್ಚಿ ಚಂದ್ರವ್ವನ ಹೆಸರಿಲೆ ಅಕಿನ್ನ ಮಣ್ಣು ಮಾಡಿದೆ. ಅಕಿ ಮಕ್ಕಳು ಎಲ್ಲಿ ಕಾದ್ರೋ ಏನೋ."

"ಅವಳ ಹೆಸರು?"

"ಕೇಳಿರಲಿಲ್ರಿ. ಪಾತ್ರೆಯಾಕಿ ಅಂತ ಕರೀತಿದ್ದೆ."

ಮುರಿಗೆಪ್ಪ ಮಂಚದ ಅಂಚಿಗೆ ಕೂತ. ಹೋದ ವಾರ ಮಾತಾಡಿಸಿದ್ದ ಗ್ಯಾಂಗ್‌ಮನ್ ಮುನಿರಾಮಯ್ಯ ಈಗ ಎದುರು ಬಂದು ನಿಂತ ಹಾಗಾಯಿತು. ಕೊಲೆಗೆ ಇದ್ದ ಒಬ್ಬನೇ ಕಣ್ಸಾಕ್ಷಿ. "ಎಂಗಸು ಅಂಗೇ ಹಳಿ ಪಕ್ದಾಗೆ ನಡ್ಕೊಂಡ್ ಓಯ್ತಿದ್ಲು ಸಾಮಿ. ಇವ್ನು ಇಂದ್ಗಡೆಯಿಂದ ಓಡ್ಬಂದು ತಳ್ಬುಟ್ಟ. ಅವ್ಳು ತಿರುಗ್ನೂ ಇಲ್ಲ, ಅವ್ನು ಮಾತೂ ಆಡ್ನಿಲ್ಲ. ಅವ್ನೇ, ನನ್ ಕಣ್ಣಾಣೆ" ಎಂದು ಆ ಮುದುಕ ಎಷ್ಟು ಸಲ ಕೇಳಿದರೂ ಒಂದೇ ಮಾತು ಹೇಳಿದ್ದ. ದನಿಯ ಲೆಕ್ಕ ಕೈಗೆ ಸಿಕ್ಕ ಮೇಲೆ ಮುರಿಗೆಪ್ಪ ಅವನನ್ನು ಸುಳ್ಳುಗಾರರ ಸಾಲಿಗೆ ಸೇರಿಸಿಬಿಟ್ಟಿದ್ದ.

ಮುನಿರಾಮಯ್ಯ ಸುಳ್ಳು ಹೇಳಿರಲಿಲ್ಲ. ಶಿವಶರಣಪ್ಪ ಅವತ್ತು ಸಂಜೆ ಹೆಂಡತಿಯನ್ನು ಹುಡುಕಿಕೊಂಡು ಇದೇ ಊರಿಗೆ ಬಂದಿದ್ದ. ಹಿಂದಿನಿಂದ ಆ ಕೆಂಪು ಸೆರಗು ಕಂಡ. ಮುಖ ನೋಡುವಷ್ಟು ತಾಳ್ಮೆಯೂ ಅವನಿಗಿರಲಿಲ್ಲ. ಒಂದು ಕೈಯಲ್ಲಿ ತಳ್ಳಿದ, ಮನೆಗೆ ಹೋದ, ಜೈಲಿನ ಜಾಲರಿಯ ಹಿಂದೆ ನಿಂತು ತಾನು ಕೊಂದೇ ಇಲ್ಲವೆಂದು ಅತ್ತ. ಆ ಕಣ್ಣೀರನ್ನು ಮುರಿಗೆಪ್ಪ ನಂಬಿದ್ದ.

"ಅಂವ ಒಳಗ ಇರೂದು ಅನ್ಯಾಯ ಅಲ್ರಿ ಸಾಹೇಬ್ರ," ಎಂದಳು ಕಾಶವ್ವ. "ಸತ್ತಾಕಿ ಹೆಸರೊಂದು ತಪ್ಪೈತಿ, ಅಷ್ಟ."

ಅಷ್ಟೇ. ಆದರೆ ಆ ಹೆಸರೊಂದು ತಪ್ಪೆಂದು ಗೊತ್ತಾದ ಗಳಿಗೆಯಲ್ಲಿ ಇಡೀ ಮೊಕದ್ದಮೆ ಕುಸಿಯುತ್ತದೆ. ಕೊಂದನೆಂದ ಹೆಂಡತಿಯೇ ಎದುರಿಗೆ ಬಂದು ನಿಂತರೆ ಯಾವ ಕೋರ್ಟು ಅವನನ್ನು ಒಳಗಿಡುತ್ತದೆ? ಹೆಸರಿಲ್ಲದ ಪಾತ್ರೆಯವಳ ಪರವಾಗಿ ಕೇಳಲು ಯಾರೂ ಇಲ್ಲ. ಅವನನ್ನು ಹೊರಗೆ ತರುವ ದಾರಿಯನ್ನು ಒಂದು ವಾರ ಕಷ್ಟಪಟ್ಟು ಕಟ್ಟಿದವನು ತಾನೇ. ಸೋಮವಾರದೊಳಗೆ ಆ ತಟ್ಟೆಯನ್ನು ಏನು ಮಾಡಬೇಕು? ಈರವ್ವನಿಗೆ ಏನು ಹೇಳಬೇಕು? ನಿನ್ನ ಕಿವಿ ಸುಳ್ಳು ಹೇಳಲಿಲ್ಲ ತಾಯಿ, ನಿನ್ನ ಮಗ ಹೇಳಿದ, ಎಂದೇ?

"ಸ್ವಲ್ಪ ವಿಚಾರ ಮಾಡಾಕ ಬಿಡ್ರಿ," ಎಂದ. "ಈರವ್ವಗ ಸದ್ಯ ಏನೂ ತಿಳೀಬಾರದು. ಅಲ್ಲ ಅಂದ್ರು ಅಂತ ಹೇಳಿ ಮನಿಗೆ ಬಿಟ್ಟು ಬರ್ತೀನಿ."

"ಅಕಿ ಎಲ್ಲಿ ಅದಾಳ?"

"ಓಣಿ ತುದ್ಯಾಗ, ಆಟೋದಾಗ."

ಕಾಶವ್ವ ಅವನಿಗಿಂತ ಮುಂದೆ ನಡೆದು ಮುಂಬಾಗಿಲು ತೆರೆದಳು.

ಆಟೋ ಬೀದಿಯ ತುದಿಯಲ್ಲಿರಲಿಲ್ಲ. ಮನೆಯ ಮುಂದೆಯೇ ಬಂದು ನಿಂತಿತ್ತು. ಹಿಂದಿನ ಸೀಟು ಖಾಲಿ. ಖಾದರ್ ಬಾಷಾ ಕೆಳಗಿಳಿದು ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದ.

"ಎಲ್ಲಯ್ಯಾ ಆಯಮ್ಮ?"

"ಹಾಡ್ ಕೇಳಿಸ್ತಿದ್ದಂಗೇ ಇಳ್ದ್ಬಿಟ್ರು ಸಾರ್. ಬೇಡಮ್ಮಾ, ಸಾಹೇಬ್ರು ಬೈತಾರೆ ಅಂದೆ, ಕೇಳ್ಲಿಲ್ಲ. ಬಂದು ಈ ಕಿಟಕಿ ಪಕ್ಕಾನೇ, ಕಾಣದಂಗೆ ಗೋಡೆಗೆ ಅಂಟ್ಕೊಂಡು ನಿಂತಿದ್ರು." ಅವನು ಕೈ ಮಾಡಿ ತೋರಿಸಿದ. ಕಾಶವ್ವ ಸರಳು ಹಿಡಿದು ಕೂತಿದ್ದ ಅದೇ ಕಿಟಕಿ. "ನೀವು ಒಳಗಡೆ ಹೋದ್ರಲ್ಲ ಸಾರ್, ಆವಾಗ ಓಡ್ ಬಂದ್ರು. ಅಳ್ತಿದ್ರು, ನಗ್ತಿದ್ರು. ನನ್ ಸೊಸೆ ಬದುಕಿದಾಳೆ ಕಣಪ್ಪಾ ಅಂತ ನನ್ ಎರಡೂ ಕೈ ಹಿಡ್ಕೊಂಡ್ಬಿಟ್ರು. ಸಿಟಿ ಕಡೆ ಗಾಡಿ ಬಂದಿತ್ತು, ಹತ್ಕೊಂಡ್ ಹೋದ್ರು."

"ಎಲ್ಲಿಗೆ ಅಂತ ಹೇಳಿದ್ಳಾ?"

"ಮೊದ್ಲು ಜೈಲಿಗಂತೆ ಸಾರ್, ಮಗನಿಗೆ ಹೇಳೋಕೆ. ಆಮೇಲೆ ಚಿಕ್ ಮಗನ್ನ ಇವತ್ತೇ ಮದ್ರಾಸಿಗೆ ಕಳಿಸ್ತಾರಂತೆ, ಕರ್ಕೊಂಡ್ ಬರೋಕೆ." ಖಾದರ್ ಬಾಷಾ ಇಬ್ಬರ ಮುಖವನ್ನೂ ನೋಡಿದ. ಅವನ ದನಿ ಇಳಿಯಿತು. "ಕೋಡಂಬಾಕಕ್ಕೆ ಹೆಂಗ್ ಹೋಗ್ಬೇಕು ಅಂತ ಕೇಳಿದ್ರು ಸಾರ್. ನಾನೇ ಹೇಳ್ಕೊಟ್ಟೆ. ತಪ್ಪಾಯ್ತಾ?"

ಮುರಿಗೆಪ್ಪ ತಿರುಗಿ ನೋಡಿದ. ಹಿಂದೆ ಹೊಸ್ತಿಲ ಮೇಲೆ ಕಾಶವ್ವ ನಿಂತಿದ್ದಳು. ಅವಳು ಕೂಗಲಿಲ್ಲ, ಕುಸಿಯಲಿಲ್ಲ. ಮುರಿಗೆಪ್ಪನ ಹತ್ತಿರ ಬಂದು, ಆಟೋದವನಿಗೆ ಕೇಳಿಸದಷ್ಟು ಮೆಲ್ಲಗೆ ಹೇಳಿದಳು.

"ಸಾಹೇಬ್ರ, ಅಂವ ಇಷ್ಟ್ ದಿವಸ ಹೆಂಡ್ತಿನ್ನ ಕೊಂದೀನಿ ಅಂತ ತಿಳಕೊಂಡು ಒಳಗ ಸುಮ್ಮ ಕುಂತಿದ್ದ. ಈಗ ಅಂವಗ ಗೊತ್ತಾಗ್ತದ, ಕೆಲಸ ಇನ್ನೂ ಮುಗದಿಲ್ಲಂತ."